ನಿನ್ನೆ ಎಷ್ಟಿತ್ತು?

ಜುಲೈ ತಿಂಗಳಲ್ಲಿ ಮಂಡ್ಯ ಸೀಮೆಯ ಹೋಟೆಲಿಗೆ ಬೆಳಿಗ್ಗೆ ಹೊತ್ತು ಹೋಗಿ ನೋಡಿ. ಪೇಪರಿನ ಮುಖಪುಟ ಬೆಂಚಿನ ಮೇಲೆ ಅನಾಥವಾಗಿ ಬಿದ್ದಿರುತ್ತದೆ. ಒಳಪುಟವೊಂದು ಮಾತ್ರ ಕೈಯಿಂದ ಕೈಗೆ ಓಡಾಡುತ್ತಿರುತ್ತದೆ. ಅದರ ಮೂಲೆಯಲ್ಲಿ ಚಿನ್ನ-ಬೆಳ್ಳಿ ದರಕ್ಕೆ ಆತುಕೊಂಡು ಬೆರಳುದ್ದದ ಒಂದು ಚೌಕ: ಜಲಾಶಯಗಳ ನೀರಿನ ಮಟ್ಟ. ಮದ್ದೂರಿನ ಹೋಟೆಲೊಂದರಲ್ಲಿ ಅದು ನನ್ನ ಕೈಗೆ ಸಿಕ್ಕಿದಾಗ ಹೊರಹರಿವಿನ ಕಾಲಂ ಮೇಲೆ ವಡೆ ಎಣ್ಣೆ ಹರಡಿ, ಹಿಂಬದಿಯ ಶ್ರದ್ಧಾಂಜಲಿ ಫೋಟೊ ಇತ್ತ ಕಡೆಗೂ ಮೂಡಿತ್ತು. ಪಕ್ಕದಲ್ಲಿ ಕೂತಿದ್ದ ಅಜ್ಜ ಕಾಫಿ ಮುಗಿಸುವುದರೊಳಗೆ ಆ ಪಟ್ಟಿಯೊಂದಿಗೆ ನಾಲ್ಕು ಮಾತಾಡಿದೆ.

ನಾನು: ಹೇಗಿದ್ದೀರಿ?

ಪಟ್ಟಿ: ಎಣ್ಣೆ ಹೊರಹರಿವಿನ ಮೇಲೆ ಬಿದ್ದದ್ದು ಪುಣ್ಯ ಸ್ವಾಮಿ. ಜಗಳವೆಲ್ಲ ಆ ಕಾಲಮಿನದೇ. ಇವತ್ತೊಂದು ದಿನ ಶಾಂತಿ.

ನಾನು: ಕೆಆರ್‌ಎಸ್, ಅಂದರೆ ನಮ್ಮ ಕನ್ನಂಬಾಡಿ ಕಟ್ಟೆ, ಇವತ್ತು ಎಷ್ಟಿದೆ?

ಪಟ್ಟಿ: ಇವತ್ತಿನದು ನನ್ನ ಹತ್ತಿರ ಇಲ್ಲ. ನಿನ್ನೆ ಅಳೆದದ್ದು ರಾತ್ರಿ ಅಚ್ಚಾಗಿ ಇವತ್ತು ನಿಮ್ಮ ಕೈಗೆ ಬಂದಿದೆ. ನನ್ನೊಳಗೆ 'ಇಂದು' ಅಂತ ಬರೆದಿರುವುದೇ ನಿನ್ನೆ.

ನಾನು: ಸಣ್ಣ ವಿಷಯ ಬಿಡಿ. ವಾರದಿಂದ ದಿನಕ್ಕೆ ಒಂದಡಿಯಂತೆ ಏರುತ್ತಿದೆ ಎಂದು ಎಲ್ಲರೂ ಹೇಳುತ್ತಿದ್ದಾರಲ್ಲ?

ಪಟ್ಟಿ: ಲೆಕ್ಕಕ್ಕೆ ಒಂದು ವಾರ ಇಟ್ಟುಕೊಳ್ಳೋಣ. ಕಳೆದ ಸೋಮವಾರ 100 ಅಡಿ, ಈ ಸೋಮವಾರ 107. ಕೊನೆಯದರಿಂದ ಮೊದಲಿನದನ್ನು ಕಳೆ, ದಿನದಿಂದ ಭಾಗಿಸು. ಏಳಡಿ, ಏಳು ದಿನ; ದಿನಕ್ಕೆ ಒಂದಡಿ. ಬದಲಾವಣೆಯ ಸರಾಸರಿ ದರ ಎಂದು ಮೇಷ್ಟ್ರು ಹೇಳಿಕೊಟ್ಟದ್ದು ಇಷ್ಟೇ ತಾನೆ? ಈಗ ನಡುವಿನ ಸಾಲುಗಳನ್ನು ಓದಿ: ದಿನಕ್ಕೆ 0.2, 0.2, 0.1, 0.5, ಆಮೇಲೆ ಕೊಡಗಿನ ಮಳೆ ಬಂದು ಮುಟ್ಟಿದ್ದೇ 3.2, 2.1, ಕೊನೆಗೆ 0.7. ಕೂಡಿದರೆ ಏಳೇ. ಆದರೆ ಒಂದಡಿ ಏರಿದ ದಿನ ಇದರಲ್ಲಿ ಯಾವುದು, ತೋರಿಸಿ.

ನಾನು: ಒಂದೂ ಇಲ್ಲ.

ಪಟ್ಟಿ: ನಡೆಯದೇ ಇದ್ದ ದಿನವನ್ನೇ ವಾರಪೂರ್ತಿ ಹಂಚುತ್ತೀರಿ. ಟಿವಿಯವರು ನಡುವಿನ ಜೋರಿನ ಎರಡು ದಿನ ಹಿಡಿದು 'ದಿನಕ್ಕೆ ಎರಡೂವರೆ ಅಡಿ ಮೀರಿ ಏರಿಕೆ' ಅಂತಾರೆ. ಮೊದಲ ಮೂರು ದಿನ ಹಿಡಿದವರು ದಿನಕ್ಕೆ ಎರಡಂಗುಲ ಎಂದು ತಲೆ ಮೇಲೆ ಕೈ ಹೊತ್ತುಕೊಳ್ಳುತ್ತಾರೆ. ಇಬ್ಬರೂ ಸುಳ್ಳು ಹೇಳಿಲ್ಲ. ಇಬ್ಬರೂ ನನ್ನನ್ನೇ ಓದಿದ್ದಾರೆ.

ನಾನು: ಹಾಗಾದರೆ ನಿಮ್ಮಲ್ಲಿ 'ಕಳೆದ ವರ್ಷ ಇದೇ ದಿನ' ಎಂದು ಒಂದು ಕಾಲಂ ಇದೆಯಲ್ಲ? ಹೋಲಿಕೆಗೆ ಅದು ನ್ಯಾಯವಾದದ್ದು.

ಪಟ್ಟಿ: (ನಗುತ್ತದೆ, ಎಣ್ಣೆ ಇನ್ನಷ್ಟು ಹರಡುತ್ತದೆ) 2023ರಲ್ಲಿ ಮಳೆ ಕೈಕೊಟ್ಟಿತು, ಕಟ್ಟೆ ತುಂಬಲಿಲ್ಲ. ಅದರ ಪಕ್ಕ ನಿಂತರೆ ಮುಂದಿನ ವರ್ಷ ಯಾವುದಾದರೂ ಸುಂದರನೇ. 2025ರಲ್ಲಿ ಜೂನ್ 30ಕ್ಕೇ ಕಟ್ಟೆ ತುಂಬಿ ಮುಖ್ಯಮಂತ್ರಿಗಳು ಬಂದು ಬಾಗಿನ ಬಿಟ್ಟರು. ಅದರ ಪಕ್ಕ ನಿಂತರೆ ಸಾಧಾರಣ ಮಳೆಗಾಲವೂ ಬರಗಾಲದಂತೆ ಕಾಣುತ್ತದೆ. ಹುಡುಗನ ಎತ್ತರ ನೋಡಬೇಕಾದರೆ ಪಕ್ಕದಲ್ಲಿ ಯಾರನ್ನು ನಿಲ್ಲಿಸಿದ್ದಾರೆ ಅಂತ ಮೊದಲು ನೋಡಬೇಕು. ಹೆಣ್ಣಿನ ಕಡೆಯವರಿಗೆ ಇದು ಗೊತ್ತು, ವಿಧಾನಸೌಧದವರಿಗೂ ಗೊತ್ತು, ನಿಮಗೆ ಯಾಕೋ ಗೊತ್ತಿಲ್ಲ.

ನಾನು: ಎರಡು ಕಟ್ಟೆಗಳನ್ನು ಹೋಲಿಸಬಹುದೇ? ಕಬಿನಿ ಹತ್ತಡಿ ಇಳಿಯಿತು, ಕನ್ನಂಬಾಡಿಯೂ ಹತ್ತಡಿ ಇಳಿಯಿತು ಎನ್ನಿ.

ಪಟ್ಟಿ: ಅಯ್ಯೋ, ನನ್ನ ಮನೆಯೇ ಕೂಡು ಕುಟುಂಬ. ಒಬ್ಬೊಬ್ಬರದು ಒಂದೊಂದು ಲೆಕ್ಕ. ಕೆಆರ್‌ಎಸ್ ತನ್ನ ಬುಡದಿಂದ ಅಳೆದುಕೊಂಡು 124.80 ಅಡಿ ಅನ್ನುತ್ತದೆ. ಕಬಿನಿ ಸಮುದ್ರದಿಂದ ಎಣಿಸಿ 2284 ಅಡಿ. ಆಲಮಟ್ಟಿ ಅಡಿಯನ್ನು ಮುಟ್ಟುವುದೇ ಇಲ್ಲ, 519.60 ಮೀಟರ್. ಹತ್ತಡಿ ಇಳಿದ ಕಬಿನಿ 2274. ಶೇಕಡಾವಾರು ಹಾಕಿದರೆ 'ಶೇ 99.6 ತುಂಬಿದೆ'. ಹತ್ತಡಿ ಇಳಿದ ಕನ್ನಂಬಾಡಿ 'ಶೇ 92'. ಹೀಗೆ ಲೆಕ್ಕ ಹಾಕಿದರೆ ಕಬಿನಿ ಬೇಸಗೆಯಲ್ಲೂ ಬತ್ತುವುದೇ ಇಲ್ಲ. ಸಮುದ್ರ ಬತ್ತಬೇಕಷ್ಟೆ!

(ಇಲ್ಲಿ ಅಜ್ಜ ಇಣುಕಿ, 'ಏನು, ನೀರು ಬಿಟ್ಟವ್ರಾ?' ಎಂದರು. ಎಣ್ಣೆ ತೋರಿಸಿದೆ. 'ಅದ್ನೂ ಮುಚ್ಚವ್ರೆ' ಎಂದು ಮತ್ತೆ ಕಾಫಿಗೆ ತಿರುಗಿದರು.)

ನಾನು: ಇವರ ಅನುಮಾನವನ್ನೇ ಕೇಳುತ್ತೇನೆ. ಮೊದಮೊದಲು ದಿನಕ್ಕೆ ಎರಡೆರಡು ಅಡಿ ಏರಿದ ಕಟ್ಟೆ, ತುಂಬುವ ಹೊತ್ತಿಗೆ ಕುಂಟುತ್ತದೆ. ಒಳಹರಿವು ಅಷ್ಟೇ ಇದೆ ಅಂತೀರಿ. ರಾತ್ರಿ ಹೊತ್ತು ಗೇಟು ಎತ್ತುತ್ತಾರೆ ಅಂತ ಊರೆಲ್ಲ ಮಾತು.

ಪಟ್ಟಿ: ಗೇಟಿನ ವಿಷಯ ನನಗೆ ಬರೆದುಕೊಟ್ಟಷ್ಟೇ ಗೊತ್ತು. ಆದರೆ ಬಾಣಲೆಯ ವಿಷಯ ಹೇಳುತ್ತೇನೆ. ಅಲ್ಲಿ ನೋಡಿ, ವಡೆ ಕರಿಯುವ ಬಾಣಲೆ. ತಳದಲ್ಲಿ ಒಂದು ಲೋಟ ಎಣ್ಣೆ ಹುಯ್ದರೆ ಎರಡು ಬೆರಳು ಏರುತ್ತದೆ. ಅಂಚಿನ ಹತ್ತಿರ ಅದೇ ಲೋಟ ಹುಯ್ದರೆ ಏರಿದ್ದೇ ಗೊತ್ತಾಗುವುದಿಲ್ಲ. ಕಟ್ಟೆಯೂ ಹಾಗೇ. ಕನ್ನಂಬಾಡಿಯಲ್ಲಿ 80 ಅಡಿ ಆಸುಪಾಸಿನಲ್ಲಿ ಒಂದಡಿ ಏರಲು ಸುಮಾರು ಅರ್ಧ ಟಿಎಂಸಿ ಸಾಕು. ಕೊನೆಯ ಅಡಿಗೆ ಒಂದೂಕಾಲು ಟಿಎಂಸಿಯ ಮೇಲೆಯೇ ಬೇಕು. ಪೂರ್ತಿ ತುಂಬಿದರೆ 49.45 ಟಿಎಂಸಿ. 100 ಅಡಿ ಆದಾಗ 'ಶೇ 80 ಏರಿತು' ಅಂತ ಪಟಾಕಿ ಹೊಡೆಯುತ್ತೀರಲ್ಲ, ಒಳಗಿರುವ ನೀರು ಆಗ ಅರ್ಧಕ್ಕೂ ಕಡಿಮೆ. ಭತ್ತದ ಗದ್ದೆಗೆ ಅಡಿ ಹರಿಯುವುದಿಲ್ಲ ಸ್ವಾಮಿ, ನೀರು ಹರಿಯುತ್ತದೆ.

ನಾನು: ಆದರೂ ಜಗಳವೆಲ್ಲ ಕ್ಯೂಸೆಕ್‌ನಲ್ಲೇ ಆಗುತ್ತದೆ.

ಪಟ್ಟಿ: ಆಗದೆ? ಕ್ಯೂಸೆಕ್ ಅಂದರೆ ಸೆಕೆಂಡಿಗೆ ಇಷ್ಟು ಘನ ಅಡಿ; ಹುಟ್ಟಾ ದರ. ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ, ಅದು ಮೊತ್ತ. 2023ರ ಆಗಸ್ಟ್ ಕೊನೆಯಲ್ಲಿ ಕಾವೇರಿ ನೀರು ನಿರ್ವಹಣಾ ಪ್ರಾಧಿಕಾರ ತಮಿಳುನಾಡಿಗೆ 15 ದಿನ 5,000 ಕ್ಯೂಸೆಕ್‌ನಂತೆ ಬಿಡಿ ಅಂದಿತು. ದಿನಕ್ಕೆ 86,400 ಸೆಕೆಂಡು. ಗುಣಿಸಿದರೆ ದಿನಕ್ಕೆ 0.43 ಟಿಎಂಸಿ, ಹದಿನೈದು ದಿನಕ್ಕೆ ಆರೂವರೆ ಹತ್ತಿರ. ಹೆದರಿಸಬೇಕಾದವರು 'ಐದು ಸಾವಿರ' ಅಂದರು, ಸಮಾಧಾನ ಮಾಡಬೇಕಾದವರು 'ಅರ್ಧ ಟಿಎಂಸಿಯೂ ಇಲ್ಲ' ಅಂದರು. ಎರಡೂ ಒಂದೇ ನೀರು. ಹೆದ್ದಾರಿಯಲ್ಲಿ ಧರಣಿ ಕೂತ ರೈತನಿಗೆ ಮಾತ್ರ ಅದು ಬೆಳೆ.

ನಾನು: ನಿಮಗೇ ನಾಚಿಕೆಯಾದ ಸರಾಸರಿ ಯಾವುದಾದರೂ ಇದೆಯೇ?

ಪಟ್ಟಿ: (ತುಸು ಹೊತ್ತು ಮೌನ) ತುಂಗಭದ್ರೆಯದು. 2024ರ ಆಗಸ್ಟ್ 10ರ ರಾತ್ರಿ. ಅಣೆಕಟ್ಟು ಭರ್ತಿ, 1633 ಅಡಿಗೆ ಮುಟ್ಟಿಕೊಂಡಿತ್ತು. 19ನೇ ಗೇಟಿನ ಚೈನ್ ಲಿಂಕ್ ಕಡಿದು ಗೇಟು ಕೊಚ್ಚಿಹೋಯಿತು. ಒಂದು ಗೇಟಿನ ಮೇಲೆ ಒತ್ತಡ ಬೀಳದಿರಲೆಂದು ಉಳಿದ ಗೇಟುಗಳನ್ನೂ ಎತ್ತಿದರು. ಕಣ್ಣೆದುರೇ ಎರಡನೇ ಬೆಳೆ ಹೊಳೆ ಪಾಲಾಗುತ್ತಿತ್ತು. ಕೊಪ್ಪಳ, ರಾಯಚೂರು, ಬಳ್ಳಾರಿಯವರಿಗೆ ಆ ವಾರ ನಿದ್ದೆಯಿಲ್ಲ. ಹರಿಯುವ ನೀರಿನಲ್ಲೇ ಗೇಟು ತಜ್ಞ ಕನ್ನಯ್ಯ ನಾಯ್ಡು ಅವರ ತಂಡ ಸ್ಟಾಪ್‌ಲಾಗ್ ಇಳಿಸಿ ವಾರದೊಳಗೆ ಕಿಂಡಿ ಮುಚ್ಚಿತು. ಆಮೇಲೆ ಮಳೆ ಕೈಹಿಡಿಯಿತು, ಸೆಪ್ಟೆಂಬರಿನಲ್ಲಿ ಮತ್ತೆ ಬಹುಮಟ್ಟಿಗೆ ತುಂಬಿ ಬಾಗಿನವೂ ಆಯಿತು.

ನಾನು: ಒಳ್ಳೆಯದೇ ಆಯಿತಲ್ಲ. ನಾಚಿಕೆ ಯಾಕೆ?

ಪಟ್ಟಿ: ಆಗಸ್ಟ್ 10ರ ಸಾಲು ತೆಗೆದುಕೊಳ್ಳಿ, ಬಾಗಿನದ ದಿನದ ಸಾಲು ತೆಗೆದುಕೊಳ್ಳಿ. ಕಳೆಯಿರಿ, ಭಾಗಿಸಿ. ಹೆಚ್ಚುಕಡಿಮೆ ಸೊನ್ನೆ. ಆ ಆರು ವಾರದಲ್ಲಿ ತುಂಗಭದ್ರೆಯಲ್ಲಿ ಏನೂ ಆಗಲಿಲ್ಲ ಅಂತ ನಾನೇ ಸಾಕ್ಷಿ ಹೇಳಿದ ಹಾಗಾಗುತ್ತದೆ.

ನನಗೆ ಮುಂದಿನ ಪ್ರಶ್ನೆ ಹೊಳೆಯಲಿಲ್ಲ. ಅಜ್ಜ ಅಷ್ಟರಲ್ಲಿ ಪುಟವನ್ನು ನನ್ನ ಕೈಯಿಂದ ಎಳೆದುಕೊಂಡು, ಕನ್ನಡಕ ಹಣೆಗೇರಿಸಿ, ಪಟ್ಟಿಯ ಮೇಲೆ ಉಗುರು ಇಟ್ಟರು. ಉಗುರಿನ ಸಂದಿಯಲ್ಲಿ ಇನ್ನೂ ಒಟ್ಲು ಮಡಿಯ ಕೆಸರಿತ್ತು.

'ಇವತ್ತು ಇಷ್ಟಾಯ್ತು. ನಿನ್ನೆ ಎಷ್ಟಿತ್ತು ಕಣ್ಲಾ?'

ಗಲ್ಲಾದ ಹುಡುಗ ಬೆಂಚಿನ ಕೆಳಗೆ ತಡಕಿದ, ಗಲ್ಲಾಪೆಟ್ಟಿಗೆ ಹಿಂದೆ ನೋಡಿದ, ಅಡುಗೆಮನೆಗೆ ಹೋಗಿಬಂದ.

'ನಿನ್ನೆ ಪೇಪರಾ? ವಡೆ ಕಟ್ಕೊಟ್ಬುಟ್ಟೆ ಕಣಜ್ಜ. ಬೆಂಗ್ಳೂರ್ ಬಸ್ಸಿನೋರು ತಕ್ಕೊಂಡು ಹೊಂಟೋದ್ರು.'

'ಅದೂ ಬೆಂಗ್ಳೂರ್ಗೇ ಹೋಯ್ತಾ!' ಎಂದು ಅಜ್ಜ ಪೇಪರ್ ಮಡಚಿಟ್ಟರು.