ಲಕ್ಷ ಡಾಂಗಿನ ತೆಪ್ಪ

ನಮ್ಮ ಮಾವ ವಿಯೆಟ್ನಾಮಿಗೆ ಹೋಗಿ ಬಂದು ಮೂರು ತಿಂಗಳಾಯಿತು. ಆದರೆ ಪೂರ್ತಿಯಾಗಿ ಸಾಸ್ವೆಹಳ್ಳಿಗೆ ಇನ್ನೂ ಬಂದಿಲ್ಲ. ಮೈ ಬಸ್ ಸ್ಟ್ಯಾಂಡಿನ ಚಾ ಅಂಗಡಿ ಬೆಂಚಿನ ಮೇಲೆ ಕೂತಿರುತ್ತದೆ, ಬಾಯಿ ಹೋಯ್ ಆನ್‌ನಲ್ಲಿ ಸುತ್ತುತ್ತಿರುತ್ತದೆ. ಯಾರಾದರೂ "ಏನ್ ಮಳಿ ಮಾರಾಯ" ಅಂದರೆ ಸಾಕು, "ಅಲ್ಲಿ ಮಳೆ ಹೆಂಗೆ ಗೊತ್ತೇನು?" ಅಂತ ಶುರು. ಕೇಳುವವನ ಚಾ ಆರಿ, ಕೆನೆ ಕಟ್ಟಿ, ನೊಣ ಬಿದ್ದರೂ ಮಾವನ ವಿಮಾನ ಕೆಳಗಿಳಿಯುವುದಿಲ್ಲ.

ನಮ್ಮ ಕಡೆ ಅಡಿಕೆಗೆ ರೇಟು ಬಂದ ವರ್ಷ ಜನ ಮನೆ ಮೇಲೆ ಮನೆ ಎಬ್ಬಿಸುತ್ತಾರೆ, ಇಲ್ಲವೇ ಹಳೇ ಬೋರಿನ ಪಕ್ಕದಲ್ಲೇ ಹೊಸ ಬೋರು ಕೊರೆಸುತ್ತಾರೆ. ಮಾವ ಇವೆರಡನ್ನೂ ಹಿಂದಿನ ಸಲವೇ ಮಾಡಿ ಮುಗಿಸಿದ್ದರಿಂದ ಈ ಸಲ ಆಕಾಶವೊಂದೇ ಬಾಕಿ ಇತ್ತು. ಥೈಲ್ಯಾಂಡ್ ಅಂದರು. ಅತ್ತೆ ಬೇಡ ಅಂದರು. ಯಾಕೆ ಅಂತ ಅತ್ತೆ ಹೇಳಲಿಲ್ಲ, ಮಾವನೂ ಕೇಳಲಿಲ್ಲ. ಕೊನೆಗೆ ವಿಯೆಟ್ನಾಂ ಗಟ್ಟಿಯಾಯಿತು. ಎರಡು ಡಬ್ಬಿ ಶೇಂಗಾ ಚಟ್ನಿ, ಒಂದು ಕಟ್ಟು ಕಟಕ್ ರೊಟ್ಟಿ, ನಾಲ್ಕು ಸೇರು ಮಂಡಕ್ಕಿ ಹೊತ್ತುಕೊಂಡು ಹದಿನೆಂಟು ಜನರ ಗುಂಪು ದಾ ನಾಂಗ್‌ನಲ್ಲಿ ಇಳಿಯಿತು.

ಇಳಿದ ಕೂಡಲೇ ಮಾವ ಶ್ರೀಮಂತರಾದರು. ಒಂದು ರೂಪಾಯಿಗೆ ಸುಮಾರು ಮುನ್ನೂರು ಡಾಂಗ್. ಹತ್ತು ಸಾವಿರ ರೂಪಾಯಿ ಕೊಟ್ಟದ್ದಕ್ಕೆ ಕೌಂಟರಿನ ಹುಡುಗಿ ಮೂವತ್ತು ಲಕ್ಷದ ಹತ್ತಿರ ಎಣಿಸಿ ಕೊಟ್ಟಳು. ಮಾವ ಹೆಬ್ಬೆರಳಿಗೆ ಎಂಜಲು ಹಚ್ಚಿ ಎಣಿಸಲು ಹೋದರು. ಅಲ್ಲಿಯ ನೋಟು ಪ್ಲಾಸ್ಟಿಕ್ಕು, ಎಂಜಲಿಗೆ ಜಗ್ಗುವುದಿಲ್ಲ. ಅವರು ಎಣಿಸಿ ಮುಗಿಸುವಷ್ಟರಲ್ಲಿ ಗೈಡಮ್ಮನ ಬಾವುಟ ಕಾಣೆಯಾಗಿತ್ತು. ಲಕ್ಷಾಧಿಪತಿಯ ಸಂತೋಷ ಮಧ್ಯಾಹ್ನದವರೆಗೆ ಇತ್ತು. ಆಮೇಲೆ ಒಂದು ಎಳನೀರಿಗೆ ನಲವತ್ತು ಸಾವಿರ ಕೇಳಿದರು.

ಈ ಗೈಡಮ್ಮನ ವಿಷಯ ಸ್ವಲ್ಪ ಹೇಳಬೇಕು. ಸೊಂಟದಷ್ಟೆತ್ತರದ ಹುಡುಗಿ, ಕೈಯಲ್ಲೊಂದು ಕೋಲು, ಕೋಲಿನ ತುದಿಗೆ ಕೆಂಪು ಬಟ್ಟೆ, ತಲೆಗೆ ಗರಿಯ ಚೂಪು ಟೋಪಿ. ಆಕೆ ಹೇಳುವುದರಲ್ಲಿ ಅರ್ಧ ಇತಿಹಾಸ, ಅರ್ಧ ಕಟ್ಟೆ ಪುರಾಣ. ಆದರೆ ಎರಡನ್ನೂ ಒಂದೇ ಮುಖ ಇಟ್ಟುಕೊಂಡು ಹೇಳುತ್ತಾಳೆ. ಇದೇ ಮಾತನ್ನು ನಮ್ಮ ಅರಳಿಕಟ್ಟೆಯಲ್ಲಿ ಪುಕ್ಕಟೆ ಸುರಿಯುತ್ತಾರೆ. ಅಲ್ಲಿ ಮಾತಿಗೆ ಟಿಕೇಟಿದೆ. ಮಾವನ ತಲೆಯೊಳಗೆ ಹುಳ ಹೊಕ್ಕಿದ್ದು ಆಗಲೇ ಅಂತ ನನ್ನ ಗುಮಾನಿ.

ಮೊದಲ ದಿನ ಹೋಯ್ ಆನ್ ಪಕ್ಕದ ಕಾಮ್ ಥಾನ್ ಎಂಬ ಹಳ್ಳಿ. ನೀರಿನಲ್ಲೇ ಬೆಳೆಯುವ, ಕಾಂಡವಿಲ್ಲದೆ ಬರೀ ಗರಿಯಂತೆ ಕಾಣುವ ತೆಂಗಿನ ಕಾಡು. ಯುದ್ಧದ ಕಾಲದಲ್ಲಿ ಹೋರಾಟಗಾರರು ಅಡಗುತ್ತಿದ್ದ ಜಾಗವಂತೆ. ಈಗ ಅದರ ಕಾಲುವೆಗಳಲ್ಲಿ ಪ್ರವಾಸಿಗರನ್ನು ಬುಟ್ಟಿಯಲ್ಲಿ ಕೂರಿಸಿ ತೇಲಿಸುತ್ತಾರೆ. ಬುಟ್ಟಿ ಅಂದರೆ ಬುಟ್ಟಿಯೇ. ಬಿದಿರು ಹೆಣೆದು, ಸಂದಿಗೆ ಸಗಣಿ ಮೆತ್ತಿ, ಮೇಲೆ ಮರದ ರಾಳದ ಎಣ್ಣೆ ಬಳಿದ ದುಂಡನೆಯ ದೋಣಿ. ಗುಂಪಿನವರೆಲ್ಲ "ವಾವ್" ಅಂದರು. ನಮ್ಮ ಅತ್ತೆ ಸೊಂಟದ ಮೇಲೆ ಕೈ ಇಟ್ಟುಕೊಂಡು, "ಇದು ನಮ್ಮ ತೆಪ್ಪ ಅಲ್ಲೇನ್ರೀ?" ಅಂದರು.

ಹೌದು, ತೆಪ್ಪವೇ. ಹರಿಗೋಲು ಅನ್ನಿ ಬೇಕಾದರೆ. ಅತ್ತೆ ಹೊಳೆ ಆಚೆ ದಡದವರು. ಅವರ ಮದುವೆ ದಿಬ್ಬಣ ತುಂಗಭದ್ರೆ ದಾಟಿದ್ದು ತೆಪ್ಪದಲ್ಲೇ. ಮೊದಲನೇ ಸರದಿಯಲ್ಲಿ ಮದುಮಗಳು, ಎರಡನೆಯದರಲ್ಲಿ ಹಂಡೆ, ಕೊಪ್ಪರಿಗೆ, ಓಲಗದವರು. ತೆಪ್ಪದಲ್ಲಿ ಯಾರು ಎಲ್ಲಿ ಕೂರಬೇಕು, ದಪ್ಪನೆಯವರ ಎದುರಿಗೆ ಎಷ್ಟು ಸಣಕಲರು ಬೇಕು ಎಂಬ ಲೆಕ್ಕ ಅವರಿಗೆ ಬಾಯಿಪಾಠ. ವಿಯೆಟ್ನಾಮಿನ ಅಂಬಿಗರಿಗೆ ಕೈಸನ್ನೆಯಲ್ಲೇ ಪಾಠ ಮಾಡಿ, ಮಾವನನ್ನು ಒಂದು ಮೂಲೆಗೆ ತಳ್ಳಿ, ತಾವು ಚಕ್ಕಳಮಕ್ಕಳ ಹಾಕಿ ಕೂತರು. ದುಂಡನೆ ದೋಣಿಗೆ ಮೂಲೆ ಎಲ್ಲಿಂದ ಬಂತು ಅಂತ ಕೇಳಬೇಡಿ. ಅತ್ತೆ ತಳ್ಳಿದ ಕಡೆ ಮೂಲೆ ಆಗುತ್ತದೆ.

ಗೈಡಮ್ಮ ಕತೆ ಬಿಟ್ಟಳು: ಫ್ರೆಂಚರು ದೋಣಿಗೆ ತೆರಿಗೆ ಹಾಕಿದರಂತೆ, ಬೆಸ್ತರು ಬುಟ್ಟಿ ಹೆಣೆದು "ಸ್ವಾಮಿ, ಇದು ದೋಣಿಯಲ್ಲ, ಬುಟ್ಟಿ" ಅಂದು ಪಾರಾದರಂತೆ. ಮಾವನಿಗೆ ಕತೆ ಬಹಳ ಹಿಡಿಸಿತು. ನಂಬರ್ ಪ್ಲೇಟಿಲ್ಲದ ಟ್ರೇಲರ್ ಇಟ್ಟುಕೊಂಡವರಿಗೆ ಇಂಥ ಕತೆ ಹಿಡಿಸದೆ ಇರುತ್ತದೆಯೇ! ಆದರೆ ನಮ್ಮ ತೆಪ್ಪಕ್ಕೆ ಯಾವ ಫ್ರೆಂಚನೂ ಬೇಕಾಗಿರಲಿಲ್ಲ. 1520ರ ಸುಮಾರಿಗೆ ವಿಜಯನಗರಕ್ಕೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಇದೇ ತುಂಗಭದ್ರೆಯನ್ನು ಜನ ಬುಟ್ಟಿಯಂಥ ದುಂಡು ದೋಣಿಯಲ್ಲಿ ದಾಟುವುದನ್ನು ಕಂಡು ಬರೆದಿಟ್ಟಿದ್ದಾನೆ. ಒಳಗೆ ಬೆತ್ತ, ಹೊರಗೆ ಚರ್ಮ, ಹದಿನೈದಿಪ್ಪತ್ತು ಜನ ಹಿಡಿಯುತ್ತಿತ್ತಂತೆ. ನೆಟ್ಟಗೆ ಹೋಗದೆ ಸದಾ ಗಿರಗಿರ ಸುತ್ತುತ್ತದೆ ಎಂಬುದನ್ನೂ ಅವನು ಬಿಟ್ಟಿಲ್ಲ. ಪಾಪ, ತಲೆ ತಿರುಗಿರಬೇಕು. ಸುತ್ತುವುದು ನಮ್ಮಲ್ಲಿ ತೆಪ್ಪದ ದೋಷ, ಕಾಮ್ ಥಾನ್‌ನಲ್ಲಿ ಅದೇ ಗುಣ. ಅಲ್ಲಿ ಜೋರು ಹಾಡು ಹಾಕಿ, ಬುಟ್ಟಿಯನ್ನು ಬುಗುರಿ ಹಾಗೆ ತಿರುಗಿಸಿ, ನೋಡುವವರ ಮುಂದೆ ಕೈ ಚಾಚುತ್ತಾರೆ. ಮಾವ ಒಂದು ಲಕ್ಷ ಡಾಂಗ್ ಕೊಟ್ಟು ಸುತ್ತಿಸಿಕೊಂಡರು. ಇಳಿದ ಮೇಲೆ ಅರ್ಧ ಗಂಟೆ ನೆಲವನ್ನೇ ಹಿಡಿದು ಕೂತಿದ್ದರು ಅಂತ ಅತ್ತೆ ಹೇಳುತ್ತಾರೆ. ಚಾ ಅಂಗಡಿಯಲ್ಲಿ ಈ ಭಾಗಕ್ಕೆ ಕತ್ತರಿ.

ಮಧ್ಯಾಹ್ನ ಗದ್ದೆ. ಇದನ್ನು ಕೇಳಿದಾಗಿನಿಂದ ನನಗೆ ನಗು ತಡೆಯಲಾಗುತ್ತಿಲ್ಲ. ಎಮ್ಮೆ ಮೇಲೆ ಸವಾರಿ, ಎಮ್ಮೆ ಹಿಂದೆ ಉಳುಮೆ, ಕೆಸರಿಗಿಳಿದು ಭತ್ತದ ನಾಟಿ. ಇದಕ್ಕೆಲ್ಲ ದುಡ್ಡು ಕೊಡಬೇಕು, ನಾವು, ಅವರಿಗೆ! ಭದ್ರಾ ನಾಲೆ ನೀರಿನಲ್ಲಿ ಹುಟ್ಟಿ ಬೆಳೆದವರು, ನಾಟಿ ಆಳು ಸಿಗುವುದಿಲ್ಲ ಅಂತ ವರ್ಷಕ್ಕೆ ಎರಡು ಸಲ ಗೋಳಾಡುವವರು, ದುಡ್ಡು ಕೊಟ್ಟು ಪರರ ಗದ್ದೆ ನಾಟಿ ಮಾಡಿ ಬಂದರು. ಅತ್ತೆ ಮೊದಮೊದಲು ಬದುವಿನ ಮೇಲೆ ನಿಂತಿದ್ದರು. ಪಕ್ಕದಲ್ಲಿ ಯಾರೋ ಬಿಳಿಯರು ಸಸಿಯನ್ನು ಬುಡ ಮೇಲೆ ಮಾಡಿ ನೆಡುವುದು ಕಂಡು ಹೊಟ್ಟೆ ಉರಿದು, ಸೀರೆ ಎತ್ತಿ ಕಟ್ಟಿ ಇಳಿದೇಬಿಟ್ಟರು. ಹತ್ತು ನಿಮಿಷದಲ್ಲಿ ಮೂರು ಸಾಲು ಹಗ್ಗ ಹಿಡಿದ ಹಾಗೆ ನೆಟ್ಟಿದ್ದಲ್ಲದೆ, ಬಿಳಿಯರದನ್ನೂ ಕಿತ್ತು ಸರಿಮಾಡಿದರು. ಎಲ್ಲರೂ ಫೋಟೋ ತೆಗೆದರು. ಗದ್ದೆ ಯಜಮಾನ ಕೈ ಮುಗಿದ. ಕೂಲಿ ಮಾತ್ರ ಕೊಡಲಿಲ್ಲ.

ಊಟದ ಕತೆ ಚಿಕ್ಕದು. ಸಸ್ಯಾಹಾರಕ್ಕೆ ಅಲ್ಲಿ 'ಚಾಯ್' ಅನ್ನುತ್ತಾರೆ. ಬೋರ್ಡು ತೋರಿಸಿ ಗೈಡಮ್ಮ "ಚಾಯ್, ಚಾಯ್" ಅಂದಾಗ ಮಾವ "ಹದಿನೆಂಟು, ಅದರಲ್ಲಿ ಆರು ಶುಗರ್‌ಲೆಸ್" ಅಂದರು. ಉಳಿದ ದಿನಗಳಲ್ಲಿ ಮಂಡಕ್ಕಿ ಮರ್ಯಾದೆ ಕಾಪಾಡಿತು.

ಹೋಯ್ ಆನ್ ಪಟ್ಟಣದ ಬಗ್ಗೆ ಮಾತ್ರ ಮಾವ ಹೇಳಿದ್ದಕ್ಕೆ ನಾನು ತಲೆ ಆಡಿಸಿದ್ದೇನೆ. 15ರಿಂದ 19ನೇ ಶತಮಾನದವರೆಗೆ ಚೀನಾ, ಜಪಾನ್, ಯುರೋಪಿನ ಹಡಗುಗಳು ಬಂದು ಹೋಗುತ್ತಿದ್ದ ಬಂದರು. ಆಮೇಲೆ ವ್ಯಾಪಾರ ದಾ ನಾಂಗ್‌ಗೆ ಹೊರಟುಹೋಯಿತು, ದುಡ್ಡಿಲ್ಲದ ಊರು ಹಳೇ ಮನೆ ಕೆಡವದೆ ಹಾಗೇ ಉಳಿಯಿತು. 1999ರಲ್ಲಿ ಯುನೆಸ್ಕೋ ಪಟ್ಟಿಗೆ ಸೇರಿತು. ಬಡತನವೂ ಒಮ್ಮೊಮ್ಮೆ ಪುರಾತತ್ವ ಇಲಾಖೆಯ ಕೆಲಸ ಮಾಡುತ್ತದೆ ನೋಡಿ. ತೂ ಬಾನ್ ನದಿ ಮಳೆಗಾಲದಲ್ಲಿ ಊರೊಳಗೆ ನುಗ್ಗುತ್ತದೆ. ಹಳೇ ಮನೆಯೊಂದರ ಗೋಡೆಯಲ್ಲಿ ಯಾವ ವರ್ಷ ನೀರು ಎಲ್ಲಿವರೆಗೆ ಬಂದಿತ್ತು ಅಂತ ಗೆರೆ ಎಳೆದು ಇಸವಿ ಬರೆದಿದ್ದಾರೆ. 1964ರ ಗೆರೆ ಮಾವನ ತಲೆಗಿಂತ ಮೇಲಿತ್ತು. ಹೊನ್ನಾಳಿ ಬಾಲರಾಜ್ ಘಾಟಿನವರಿಗೂ ಇಂಥ ಗೆರೆ ಗೊತ್ತು. ಗಾಜನೂರಿನಲ್ಲೂ ಲಕ್ಕವಳ್ಳಿಯಲ್ಲೂ ಡ್ಯಾಮಿನ ಗೇಟು ಎತ್ತಿದರೆ ಅವರು ಮೊದಲು ಗ್ಯಾಸ್ ಸಿಲಿಂಡರ್ ಅಟ್ಟಕ್ಕೇರಿಸುತ್ತಾರೆ. ಆದರೆ ನಾವು ನೀರಿಳಿದ ಮೇಲೆ ಸುಣ್ಣ ಬಳಿದುಬಿಡುತ್ತೇವೆ. ಅವರು ಬಳಿಯದೆ ಬಿಟ್ಟು, ಅದನ್ನೇ ತೋರಿಸಿ ಟಿಕೇಟು ಹರಿಯುತ್ತಾರೆ.

ಅಲ್ಲೊಂದು ಜಪಾನಿ ಸೇತುವೆ ಇದೆ, ಮೇಲೆ ಹೆಂಚಿನ ಚಾವಣಿ, ಒಳಗೆ ಗುಡಿ, ಒಂದು ತುದಿಗೆ ನಾಯಿ, ಇನ್ನೊಂದು ತುದಿಗೆ ಕೋತಿ. ಇಪ್ಪತ್ತು ಸಾವಿರದ ನೋಟಿನ ಮೇಲೆ ಅದರದೇ ಚಿತ್ರ. ಅದರ ಕತೆ ಇದು: ನೆಲದಡಿ ಒಂದು ಮಹಾಪ್ರಾಣಿ ಮಲಗಿದೆ. ಬಾಲ ಜಪಾನಿನಲ್ಲಿ, ಮೈ ವಿಯೆಟ್ನಾಮಿನಲ್ಲಿ, ತಲೆ ಇಂಡಿಯಾದಲ್ಲಿ. ಅದು ಹೊರಳಿದರೆ ಭೂಕಂಪ. ಹೊರಳದಿರಲಿ ಅಂತ ಬೆನ್ನಿನ ಮೇಲೆ ಸೇತುವೆಯ ಮೊಳೆ ಹೊಡೆದಿದ್ದಾರೆ. ಕೇಳಿದ್ದೇ ಮಾವ ಎದೆ ಉಬ್ಬಿಸಿ, "ತಲೆ ನಮ್ಮದೇ ಅಂದ್ಮೇಲೆ ಬಾಯೂ ನಮ್ಮದೇ" ಅಂದರು. ಅತ್ತೆ "ಅದಕ್ಕೇ ಮುಚ್ಚಲ್ಲ" ಅಂದರು.

ಇನ್ನೊಂದು ಗಳಿಗೆಯಲ್ಲಿ ಮಾವ ನಿಜಕ್ಕೂ ಗೆದ್ದರು. ಸಂತೆಯಲ್ಲಿ ಮುದುಕಿಯೊಬ್ಬಳು ಎಲೆ ಅಡಿಕೆ ಇಟ್ಟುಕೊಂಡು ಕೂತಿದ್ದಳು. ವಿಯೆಟ್ನಾಮಿನವರಿಗೂ ಮದುವೆ ಮಾತು ಎಲೆ ಅಡಿಕೆ ಇಲ್ಲದೆ ನಡೆಯುವುದಿಲ್ಲ. ಅಡಿಕೆ ಮರವಾದ ಅಣ್ಣ, ಸುಣ್ಣಕಲ್ಲಾದ ತಮ್ಮ, ಬಳ್ಳಿಯಾಗಿ ತಬ್ಬಿಕೊಂಡ ಹೆಂಡತಿ, ಹೀಗೆ ಅವರದೊಂದು ಹಳೇ ಕತೆಯೂ ಇದೆ. ಮಾವ ಕೂತು, ಒಂದು ಕಾಯಿ ಸೀಳಿ, ಹಲ್ಲಿನಲ್ಲಿ ಕಡಿದು ನೋಡಿ, ಇದು ಬೇಯಿಸಿದರೆ ರಾಶಿ ಆಗುತ್ತದೆ, ಬಲಿತರೆ ಬೆಟ್ಟೆಗೂ ಬರುತ್ತದೆ, ಗೊರಬಲಿಗೆ ಬಿಡಬೇಡ ತಾಯಿ ಅಂತ ಕನ್ನಡದಲ್ಲೇ ಹೇಳಿದರು. ಮುದುಕಿ ವಿಯೆಟ್ನಾಮಿಯಲ್ಲಿ ಏನೋ ಹೇಳಿದಳು. ಇಬ್ಬರೂ ಇಪ್ಪತ್ತು ನಿಮಿಷ ಮಾತಾಡಿದರು. ಗೈಡಮ್ಮನಿಗೆ ಆ ಹೊತ್ತು ಕೆಲಸವಿರಲಿಲ್ಲ.

ಕೊನೆಯ ದಿನ ಮೀ ಸನ್. ಚಂಪಾ ರಾಜರು ಕಟ್ಟಿದ ಇಟ್ಟಿಗೆಯ ಶಿವಾಲಯಗಳು. 4ನೇ ಶತಮಾನದಲ್ಲಿ ಭದ್ರವರ್ಮ ಎಂಬ ದೊರೆ ಅಲ್ಲಿ ಭದ್ರೇಶ್ವರನನ್ನು ಸ್ಥಾಪಿಸಿದ. 1969ರಲ್ಲಿ ಅಮೆರಿಕದ ಬಾಂಬು ಬಿದ್ದು ದೊಡ್ಡ ಗೋಪುರವೇ ಹೋಯಿತು. ಹುಲ್ಲಿನಲ್ಲಿ ಬಾಂಬಿನ ಗುಂಡಿಗಳು ಈಗಲೂ ಕಾಣುತ್ತವೆ. ನಮ್ಮ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯವರು ಅಲ್ಲಿ ಜೀರ್ಣೋದ್ಧಾರ ಮಾಡುತ್ತಿದ್ದಾಗ, 2020ರಲ್ಲಿ, 9ನೇ ಶತಮಾನದ್ದೆನ್ನುವ ಮರಳುಗಲ್ಲಿನ ಅಖಂಡ ಲಿಂಗವೊಂದು ಸಿಕ್ಕಿತು. ಮಾವ ಇಲ್ಲಿ ತಮಾಷೆ ಮಾಡಲಿಲ್ಲ. ಭದ್ರೆ ಹೆಸರಿನ ದೇವರು ಅಷ್ಟು ದೂರ ಹೋಗಿ ಕೂತಿದ್ದಾನಲ್ಲ ಅಂತ ವಿಭೂತಿ ಹಚ್ಚಿಕೊಂಡು ಸುಮ್ಮನೆ ನಿಂತಿದ್ದರಂತೆ. ಸುಮ್ಮನೆ ನಿಂತರು ಎಂಬುದಕ್ಕೆ ಅತ್ತೆಯ ಸಾಕ್ಷಿಯಿದೆ, ಇಲ್ಲದಿದ್ದರೆ ನಾನು ನಂಬುತ್ತಿರಲಿಲ್ಲ.

ಈಗ ಊರಿನ ಫಜೀತಿ. ದಸರಾ ರಜೆಗೆ ಬೆಂಗಳೂರಿನಿಂದ ಬಂದ ಮಕ್ಕಳನ್ನೆಲ್ಲ ಕಲೆಹಾಕಿ, ಕೊಡೆಗೆ ಅತ್ತೆಯ ಕೆಂಪು ರವಿಕೆ ಬಟ್ಟೆ ಕಟ್ಟಿ, ಮಾವ ತಾವೇ ಟೂರು ಹೊರಡಿಸಿದರು. ಮೊದಲು ಹೊಳೆ. "ಮಕ್ಕಳಾ, ಈ ನೆಲದಡಿ ಒಂದು ಮಹಾಪ್ರಾಣಿ ಐತೆ. ಬಾಲ ಕೂಡ್ಲಿಯಾಗೆ, ಹೊಟ್ಟೆ ಸಾಸ್ವೆಹಳ್ಳಿಯಾಗೆ, ತಲೆ ವಿಧಾನಸೌಧದಾಗೆ. ಅದಕ್ಕೇ ಎಷ್ಟು ತಿಂದ್ರೂ ಹೊಟ್ಟೆಗೆ ಬರಲ್ಲ." ಮಕ್ಕಳು ಬರೆದುಕೊಂಡರು. ಕುರುವದ ಗಡ್ಡೆ ರಾಮೇಶ್ವರನ ದರ್ಶನಕ್ಕೆ ತೆಪ್ಪ ಹತ್ತುವ ಎಂದಾಗ ಒಬ್ಬಳು ಪುಟ್ಟಿ ಲೈಫ್ ಜಾಕೆಟ್ ಎಲ್ಲಿ ತಾತ ಅಂದಳು. ಮಾವನ ಮಾತು ಅಲ್ಲಿ ಮೊದಲ ಸಲ ನಿಂತಿತು. ಕಾಮ್ ಥಾನ್‌ನಲ್ಲಿ ಮೊಳಕಾಲುದ್ದ ನೀರಿಗೂ ಜಾಕೆಟ್ ಕಟ್ಟಿಯೇ ಕೂರಿಸಿದ್ದರು. ಇಲ್ಲಿ ಆಳೆತ್ತರದ ಹೊಳೆಗೆ ದೇವರ ಹೆಸರೇ ಜಾಕೆಟ್ಟು. ಗಡ್ಡೆಗೆ ದಡದಿಂದಲೇ ಕೈ ಮುಗಿದರು.

ಅಲ್ಲಿಂದ ಸಂತೇಬೆನ್ನೂರು. 16ನೇ ಶತಮಾನದಲ್ಲಿ ಹನುಮಪ್ಪ ನಾಯಕ ಕಟ್ಟಿಸಿದ ಪುಷ್ಕರಣಿ, ನಡುನೀರಿನಲ್ಲಿ ವಸಂತ ಮಂಟಪ, ಸುತ್ತ ಮೆಟ್ಟಿಲ ಮೇಲೆ ಪುಟ್ಟ ಮಂಟಪಗಳು, ಪಕ್ಕದಲ್ಲೇ ಮುಸಾಫಿರ್‌ಖಾನಾ. ನಾನು ನೂರು ಸಲ ಅದರ ಮುಂದೆ ಬಸ್ಸಿನಲ್ಲಿ ಹೋಗಿದ್ದೇನೆ, ಇಳಿದದ್ದು ಅಂದೇ. ಸಂಜೆಗೆ ಸೂಳೆಕೆರೆ. ಎರಡು ಗುಡ್ಡದ ಸಂದಿಗೆ ಉದ್ದ ಕಡಿಮೆಯದೊಂದು ಏರಿ ಹಾಕಿ ಸಮುದ್ರದಷ್ಟು ನೀರು ನಿಲ್ಲಿಸಿದ ಜಾಣತನ ನೋಡಿ ಮಕ್ಕಳು ಸುಮ್ಮನಾದರು. ಕೆರೆ ಕಟ್ಟಿಸಿದಳೆನ್ನುವ ಶಾಂತವ್ವನ ಕತೆಯನ್ನು ಮಾವ ಶುರು ಮಾಡಿದರು, ಅತ್ತೆ ಮುಗಿಸಿದರು. ಅತ್ತೆಯದೇ ಚೆನ್ನಾಗಿತ್ತು.

ಈ ಕಡೆ ಬಂದರೆ ನೀವೂ ಸೇರಬಹುದು. ಬೆಳಿಗ್ಗೆ ಏಳಕ್ಕೆ ಸಾಸ್ವೆಹಳ್ಳಿ ಬಸ್ ಸ್ಟ್ಯಾಂಡು, ಕೆಂಪು ಬಟ್ಟೆ ಕಟ್ಟಿದ ಕೊಡೆ. ಟಿಕೇಟು ತಲೆಗೆ ಒಂದು ಲಕ್ಷ ಡಾಂಗ್. ರೂಪಾಯಿ ತಗೊಳ್ಳುವುದಿಲ್ಲ ಅಂತ ಮಾವ ಹಟ ಹಿಡಿದಿದ್ದಾರೆ. ಲೈಫ್ ಜಾಕೆಟ್ ನೀವೇ ತನ್ನಿ.