ಸೋರುವ ಸಿಂಕನ್ನು ಕಂಡ ಮಹಾಪ್ರಭುಗಳಿಗೆ

ಮಲಯಾಳಂ ಸಿನಿಮಾ ಎಂಬ ವಾಸ್ತವ ಮಹಾಪ್ರಭುಗಳ ಸನ್ನಿಧಾನಕ್ಕೆ, ತಲಪಾಡಿ ಗಡಿಯ ಈಚೆಯಿಂದ ಒಬ್ಬ ಸಬ್‌ಟೈಟಲ್ ಭಕ್ತನ ಸಾಷ್ಟಾಂಗ ನಮಸ್ಕಾರಗಳು. ಉಭಯ ಕುಶಲೋಪರಿ ಸಾಂಪ್ರತ.

ಮೊದಲು ಉಪಕಾರ ಸ್ಮರಣೆ. 2016ರ ‘ಮಹೇಷಿಂಟೆ ಪ್ರತೀಕಾರಂ’ನಲ್ಲಿ ಇಡುಕ್ಕಿಯ ಫೋಟೊ ಸ್ಟುಡಿಯೋದವನೊಬ್ಬ, ತನಗೆ ಹೊಡೆದವನಿಗೆ ತಿರುಗಿ ಹೊಡೆಯುವ ತನಕ ಚಪ್ಪಲಿ ಮೆಟ್ಟುವುದಿಲ್ಲವೆಂದು ಹಟ ಹಿಡಿದ. ಹೆಚ್ಚುಕಮ್ಮಿ ಅಷ್ಟೇ ಕಥೆ. ಅಂದಿನಿಂದ ನಮ್ಮ ನಾಯಕರು ಒಂದೇ ಏಟಿಗೆ ಹತ್ತು ಜನರನ್ನು ಹಾರಿಸಿದರೂ ನನಗೆ ಶಿಳ್ಳೆ ಹೊಡೆಯಲು ಬಾಯಿಯೇ ಬರುತ್ತಿಲ್ಲ. ಬಾಲ್ಯದಿಂದ ಜೋಪಾನ ಮಾಡಿದ್ದ ಸುಖವೊಂದನ್ನು ಎರಡು ಗಂಟೆಯಲ್ಲಿ ಕಸಿದುಕೊಂಡಿರಿ. ಮರೆಯಲಾರೆ.

2021ರ ‘ದಿ ಗ್ರೇಟ್ ಇಂಡಿಯನ್ ಕಿಚನ್’ ನೋಡಲು ಮನೆಯಾಕೆಯನ್ನು ನಾನೇ ಕರೆದು ಕೂರಿಸಿಕೊಂಡೆ. ಅದರಲ್ಲಿ ಗಂಡ, ಮಾವ ಜಗಿದ ನುಗ್ಗೆಕಾಯಿಯನ್ನು ಊಟದ ಮೇಜಿನ ಮೇಲೆಯೇ ಬಿಟ್ಟು ಏಳುತ್ತಾರೆ. ಸಿಂಕಿನ ಪೈಪು ಸೋರುತ್ತದೆ, ಕೆಳಗಿಟ್ಟ ಬಕೆಟ್ ತುಂಬುತ್ತದೆ, ಪ್ಲಂಬರ್‌ಗೆ ಹೇಳುವುದು ಗಂಡನಿಗೆ ನೆನಪೇ ಆಗುವುದಿಲ್ಲ. ಸಿನಿಮಾ ಮುಗಿದಾಗ ಆಕೆ ಏನೂ ಅನ್ನಲಿಲ್ಲ. ನನ್ನ ತಟ್ಟೆಯ ಕಡೆ ನೋಡಿದಳು, ಅಷ್ಟೆ. ಅಂದಿನಿಂದ ಅದನ್ನು ನಾನೇ ತೊಳೆಯುತ್ತಿದ್ದೇನೆ. ಎಲ್ಲ ತಮ್ಮ ಕೃಪೆ.

ತಮ್ಮ ಕೇರಳತನಕ್ಕೂ ಕೈ ಮುಗಿದೆ. 1981ರ ‘ಎಲಿಪ್ಪತ್ತಾಯಂ’ನಲ್ಲಿ ಅಡೂರ್ ಗೋಪಾಲಕೃಷ್ಣನ್ ತರವಾಡು ಎಂಬ ಹಳೆಯ ದೊಡ್ಡಮನೆಯ ಯಜಮಾನನನ್ನು ಇಲಿಬೋನಿಗೆ ಹಾಕಿ ಬಾಗಿಲು ಮುಚ್ಚಿದ್ದರು. 1993ರ ‘ದೇವಾಸುರಂ’ ಹೊತ್ತಿಗೆ ಯಾರೋ ಬೋನು ತೆರೆದರು. ಯಜಮಾನರು ಮೀಸೆ ತಿರುವುತ್ತಾ ಹೊರಬಂದರು. ಆಗ ತಾವು ವಾಸ್ತವಕ್ಕೆ ರಜೆ ಕೊಟ್ಟಿದ್ದಿರೆಂದು ತಿಳಿದಿದ್ದೇನೆ. ಯಾರಿಗಾದರೂ ರಜೆ ಬೇಕಲ್ಲ!

ತಮ್ಮ ಮೊದಲ ನಾಯಕಿ ಪಿ.ಕೆ. ರೋಸಿ. ದಲಿತ ಹೆಣ್ಣು ಮೂಕಿಚಿತ್ರದಲ್ಲಿ ನಾಯರ್ ಹೆಣ್ಣಾದಳೆಂದು ತಿರುವನಂತಪುರ ಅವಳನ್ನು ಊರು ಬಿಡಿಸಿತು. 2013ರಲ್ಲಿ ‘ಸೆಲ್ಯುಲಾಯ್ಡ್’ ತೆಗೆದು ಆ ಕಥೆಯನ್ನೂ ತಾವೇ ಹೇಳಿದಿರಿ. ತಪ್ಪೊಪ್ಪಿಗೆಯಲ್ಲೂ ಎಂಥ ಛಾಯಾಗ್ರಹಣ!

ಕೊನೆಯದಾಗಿ, ಹೇಳಲು ಸಂಕೋಚವಾಗುವ ಮಾತು. ತಮ್ಮ ಚಿತ್ರರಂಗದ ಹೆಂಗಸರ ಸ್ಥಿತಿಗತಿ ಕುರಿತು ನ್ಯಾಯಮೂರ್ತಿ ಹೇಮಾ ಸಮಿತಿ 2019ರ ಡಿಸೆಂಬರ್‌ನಲ್ಲಿ ಸರ್ಕಾರಕ್ಕೆ ಕೊಟ್ಟ ವರದಿ, ಅಲ್ಲಲ್ಲಿ ಕತ್ತರಿ ಹಾಕಿಸಿಕೊಂಡು 2024ರ ಆಗಸ್ಟ್‌ನಲ್ಲಿ ಹೊರಬಂತು. ಚಿತ್ರೀಕರಣದ ಜಾಗದಲ್ಲಿ ಶೌಚಾಲಯವಿಲ್ಲದ ಕಾರಣ ಹೆಂಗಸರು ನೀರನ್ನೇ ಕುಡಿಯದೆ ದಿನ ದೂಡುತ್ತಾರೆಂದು ಅದರಲ್ಲಿದೆ. ತೆರೆಯ ಮೇಲೆ ಸಿಂಕಿನ ಹನಿ ತೊಟ್ಟಿಕ್ಕುತ್ತಿದ್ದ 2021ರಲ್ಲಿ ಈ ವರದಿ ಸರ್ಕಾರದ ಬೀರುವಿನಲ್ಲಿತ್ತು. ಆ ಒಂದು ಚಿತ್ರ ಮಾಡಿದವರನ್ನು ದೂರುತ್ತಿಲ್ಲ. ಇಷ್ಟು ಚುರುಕು ಕಣ್ಣಿನ ಇಡೀ ಮನೆತನವನ್ನು ಕೇಳುತ್ತಿದ್ದೇನೆ.

ಮುಂದಿನ ಚಿತ್ರಕ್ಕೆ ಲೊಕೇಶನ್ ನೋಡಲು ಹೋದಾಗ ಮಳೆ, ತೋಡು, ಹೆಂಚಿನ ಮನೆಗಳ ಜೊತೆಗೆ ಒಂದು ಕಕ್ಕಸು ಎಲ್ಲಿ ಕಟ್ಟಿಸಬಹುದೆಂದೂ ದೊಡ್ಡ ಮನಸ್ಸು ಮಾಡಿ ನೋಡಿಕೊಂಡು ಬರಬೇಕೆಂದು ಕೋರುವ,

ತಟ್ಟೆ ತೊಳೆಯುತ್ತಿರುವ
ತಮ್ಮ ವಿಧೇಯ