ರಾಟ್ಸ್‌ಕೆಲ್ಲರ್ ಶಬ್ದ ಮೀಮಾಂಸೆ, ಅರ್ಥಾತ್ ಹಕಾರ ಮಹಾತ್ಮೆ

ಅಥಾತಃ ಪಾನಗೃಹ ಜಿಜ್ಞಾಸಾ.

ಇಲ್ಲಿ ‘ಅಥ’ ಎಂದರೆ ಅನಂತರ. ಯಾವುದರ ಅನಂತರ ಎಂಬ ವಿಷಯದಲ್ಲಿ ಬೇರೆ ಶಾಸ್ತ್ರಗಳ ಭಾಷ್ಯಕಾರರು ಶತಮಾನಗಟ್ಟಲೆ ಜಗಳವಾಡಿದ್ದಾರೆ. ನಮ್ಮ ಶಾಸ್ತ್ರದಲ್ಲಿ ಆ ತೊಡಕಿಲ್ಲ. ಆಫೀಸು ಬಿಟ್ಟ ಅನಂತರ ಎಂದೇ ಅರ್ಥ. ‘ಅತಃ’ ಎಂದರೆ ‘ಆದ್ದರಿಂದ’. ಮೇಲಧಿಕಾರಿಯ ಮುಖವನ್ನು ದಿನವಿಡೀ ನೋಡಿದ್ದರಿಂದ ಎಂದು ಅಧ್ಯಾಹಾರ ಮಾಡಿಕೊಳ್ಳತಕ್ಕದ್ದು. ಜಿಜ್ಞಾಸೆಯ ವಿಷಯ ‘ರಾಟ್ಸ್‌ಕೆಲ್ಲರ್’ ಎಂಬ ಜರ್ಮನ್ ಶಬ್ದ. ಇದು ಇಂಗ್ಲಿಷಿಗೆ, ಅದರಲ್ಲೂ ಅಮೆರಿಕದ ಇಂಗ್ಲಿಷಿಗೆ ಸಾಲವಾಗಿ ಹೋಗಿ, ನೆಲಮಾಳಿಗೆಯಲ್ಲಿರುವ ಬೆಚ್ಚಗಿನ ಪಾನಗೃಹ ಎಂಬ ಅರ್ಥದಲ್ಲಿ ಬಳಕೆಯಾಗುತ್ತಿದೆ ಎಂದು ನಿಘಂಟುಗಳು ಹೇಳುತ್ತವೆ. ನಿಘಂಟುಕಾರರು ಹಗಲು ಹೊತ್ತಿನಲ್ಲಿ ಕೆಲಸ ಮಾಡುವವರಾದ್ದರಿಂದ ಅವರ ಮಾತನ್ನು ಪರೀಕ್ಷಿಸದೆ ಒಪ್ಪಲಾಗದು.

ಸಮಾಸ ಪ್ರಕರಣ

ರಾಟ್ ಎಂದರೆ ಸಭೆ, ನಗರಸಭೆ. ಕೆಲ್ಲರ್ ಎಂದರೆ ನೆಲಮಾಳಿಗೆ. ನಡುವೆ ಇರುವ ‘ಸ್’ ಷಷ್ಠೀ ವಿಭಕ್ತಿಯ ಪ್ರತ್ಯಯ. ‘ಸಭೆಯ ನೆಲಮಾಳಿಗೆ’ ಎಂದು ವಿಗ್ರಹವಾಕ್ಯ. ಸಮಾಸವಾದಾಗ ವಿಭಕ್ತಿ ಪ್ರತ್ಯಯ ಲೋಪವಾಗಬೇಕೆಂಬುದು ಸಾಮಾನ್ಯ ನಿಯಮ. ಇಲ್ಲಿ ಅದು ಹೋಗದೆ ನಡುವೆಯೇ ಕೂತಿದೆ. ಆದ್ದರಿಂದ ಇದು ಅಲುಕ್ ಸಮಾಸ. ಯುಧಿಷ್ಠಿರ ಎಂಬ ಶಬ್ದವೂ ಅಲುಕ್ ಸಮಾಸವೇ. ಇಬ್ಬರಿಗೂ ವ್ಯಾಕರಣದಲ್ಲಷ್ಟೇ ಅಲ್ಲ, ಚರಿತ್ರೆಯಲ್ಲೂ ಸಾಮ್ಯವುಂಟು: ಇಬ್ಬರೂ ಕೆಟ್ಟದ್ದು ಸಭೆಯ ಸಹವಾಸದಿಂದ.

ಇಷ್ಟಕ್ಕೇ ಮುಗಿಯಲಿಲ್ಲ. ‘ರಾಟ್’ ಅಪ್ಪಟ ಜರ್ಮನ್. ‘ಕೆಲ್ಲರ್’ ಲ್ಯಾಟಿನ್ನಿನ ‘ಸೆಲ್ಲೇರಿಯಂ’ ಎಂಬ ಉಗ್ರಾಣವಾಚಕದಿಂದ ಬಂದದ್ದು. ಹಾಗಾದರೆ ಇದು ಎರಡು ಭಾಷೆ ಬೆರೆತ ಅರಿಸಮಾಸವೂ ಹೌದು. ನಮ್ಮ ವೈಯಾಕರಣ ಕೇಶಿರಾಜ ಕಂಡಿದ್ದರೆ ಹುಬ್ಬು ಗಂಟಿಕ್ಕುತ್ತಿದ್ದ. ಆದರೆ ಬಿರುದಾವಳಿಗಳಲ್ಲೂ ಹಿರಿಯರು ಬಳಸಿದ ಮಾತುಗಳಲ್ಲೂ ಅರಿಸಮಾಸ ಸಲ್ಲುತ್ತದೆಂದು ಅವನೇ ವಿನಾಯಿತಿ ಕೊಟ್ಟಿದ್ದಾನಷ್ಟೆ. ನೆಲಮಾಳಿಗೆಯಲ್ಲಿ ಮೂರನೆಯ ಲೋಟದ ಅನಂತರ ಎಲ್ಲ ಮಾತೂ ಬಿರುದಾವಳಿಯೇ ಆಗುವುದರಿಂದ ದೋಷವಿಲ್ಲ.

ಲಕ್ಷಣ ಪ್ರಕರಣ

ಪೂರ್ವಪಕ್ಷಿ ಹೇಳುತ್ತಾನೆ: “ಪುರಭವನದ ಅಡಿಯಲ್ಲಿದ್ದು, ವೈನ್ ಕೊಡುವುದೇ ರಾಟ್ಸ್‌ಕೆಲ್ಲರ್. ಇದಕ್ಕಿಂತ ಹೆಚ್ಚಿನ ಲಕ್ಷಣ ಏಕೆ ಬೇಕು ಸ್ವಾಮಿ?”

ಉದಾಹರಣೆಯಾಗಿ ಅವನು ಬ್ರೆಮೆನ್ ನಗರವನ್ನು ಮುಂದಿಡುತ್ತಾನೆ. ಅಲ್ಲಿನ ಪುರಭವನದ ಕೆಳಗೆ 1405ರಿಂದ ವೈನ್ ಕೊಡುತ್ತಿದ್ದಾರೆ. ರೈನ್ ಕಣಿವೆಯ ವೈನನ್ನು ಊರಲ್ಲಿ ಮಾರುವ ಹಕ್ಕನ್ನು ನಗರಸಭೆ ತನ್ನ ಕೈಯಲ್ಲೇ ಇಟ್ಟುಕೊಂಡಿತ್ತು. ಮೇಲೆ ಕೂತು ತೆರಿಗೆ ಹಾಕುವವರೂ ಕೆಳಗೆ ಕೂತು ಅದನ್ನು ಮರೆಸುವವರೂ ಒಬ್ಬರೇ. ಆಡಳಿತದಲ್ಲಿ ಇಂಥ ಅದ್ವೈತ ಅಪರೂಪ. ನಮ್ಮಲ್ಲಿಯೂ ಮದ್ಯದ ಸಗಟು ವ್ಯಾಪಾರ 2003ರ ಹೊತ್ತಿಗೆ ಕರ್ನಾಟಕ ರಾಜ್ಯ ಪಾನೀಯ ನಿಗಮದ ಕೈಗೆ ಬಂತು. ತತ್ತ್ವ ಅದೇ, ವಾಸ್ತು ಬೇರೆ. ವಿಧಾನಸೌಧದ ಅಡಿಯಲ್ಲೇ ಚಿಲ್ಲರೆ ಮಾರಾಟ ಶುರುವಾಗುವ ತನಕ ನಮ್ಮದನ್ನು ರಾಟ್ಸ್‌ಕೆಲ್ಲರ್ ಎನ್ನಲಾಗದು. ಎಷ್ಟೋ ಅಧಿವೇಶನಗಳ ಕಲಾಪವನ್ನು ನೋಡಿದವರಿಗೆ ಅದು ಶುರುವಾಗಿಲ್ಲವೆಂದು ನಂಬುವುದು ಕಷ್ಟವಾಗಬಹುದು. ಅದು ಬೇರೆ ಮಾತು.

ಬ್ರೆಮೆನ್ನಿನ ಮಾಳಿಗೆಯಲ್ಲಿ 1653ರ ರೂಡೆಸ್‌ಹೈಮ್ ವೈನಿನ ಒಂದು ಪೀಪಾಯಿ ಇದೆ. ಜರ್ಮನಿಯಲ್ಲಿ ಪೀಪಾಯಿಯಲ್ಲೇ ಉಳಿದಿರುವ ವೈನುಗಳಲ್ಲಿ ಅದೇ ಎಲ್ಲಕ್ಕಿಂತ ಹಳೆಯದು. ಕ್ರಿಸ್ತನ ಹನ್ನೆರಡು ಶಿಷ್ಯರ ಹೆಸರಿನ ಹನ್ನೆರಡು ಪೀಪಾಯಿಗಳಿಗೆ ಪ್ರತ್ಯೇಕ ಕೋಣೆ ಇದೆ. ಇನ್ನೊಂದು ಕೋಣೆಯ ಚಾವಣಿಯಲ್ಲಿ ಗುಲಾಬಿಯ ಚಿತ್ರ. ಗುಲಾಬಿಯ ಅಡಿಯಲ್ಲಿ ಆಡಿದ ಮಾತು ಹೊರಗೆ ಹೋಗಬಾರದೆಂಬುದು ಯುರೋಪಿನ ಹಳೆಯ ಸಂಕೇತ. ವಿಲ್‌ಹೆಲ್ಮ್ ಹೌಫ್ ಎಂಬ ತರುಣ ಲೇಖಕ ಈ ಮಾಳಿಗೆಯಲ್ಲಿ ಒಂದು ರಾತ್ರಿ ಕಳೆದವನ ಭ್ರಾಂತಿಗಳನ್ನು ಕಥೆಯಾಗಿ ಬರೆದು 1827ರಲ್ಲಿ ಪ್ರಕಟಿಸಿದ. ಅದರಲ್ಲಿ ಪೀಪಾಯಿಗಳ ಶಿಷ್ಯರೇ ಎದ್ದು ಬಂದು ಕುಡಿಯಲು ಕೂರುತ್ತಾರೆ. ಪೀಪಾಯಿಯೇ ಕುಡಿಯಲು ಕೂತರೆ ಕುಡಿಯುವವರು ಯಾರು, ಕುಡಿಯಲ್ಪಡುವುದು ಯಾವುದು ಎಂಬ ಪ್ರಶ್ನೆಯನ್ನು ವೇದಾಂತಿಗಳಿಗೆ ಬಿಟ್ಟು ಮುಂದೆ ಹೋಗುತ್ತೇವೆ.

ಸಿದ್ಧಾಂತಿಯ ಖಂಡನೆ ಹೀಗಿದೆ. ಲಕ್ಷಣಕ್ಕೆ ಮೂರು ದೋಷಗಳು ಬರಬಹುದು: ಅವ್ಯಾಪ್ತಿ, ಅತಿವ್ಯಾಪ್ತಿ, ಅಸಂಭವ. ಪೂರ್ವಪಕ್ಷಿಯ ಲಕ್ಷಣ ಮೂರನ್ನೂ ಏಕಕಾಲಕ್ಕೆ ಸಾಧಿಸಿದೆ. ಇದೇನು ಸಣ್ಣ ಸಾಧನೆಯಲ್ಲ.

ಅವ್ಯಾಪ್ತಿ: ಅಮೆರಿಕದ ಲೂಯಿವಿಲ್ ನಗರದ ಸೀಲ್‌ಬಾಕ್ ಹೋಟೆಲಿನ ಅಡಿಯಲ್ಲಿ 1907ರಲ್ಲಿ ಕಟ್ಟಿಸಿದ ರಾಟ್ಸ್‌ಕೆಲ್ಲರ್ ಇದೆ. ಕಂಬ, ಕಮಾನುಗಳಿಗೆಲ್ಲ ರುಕ್‌ವುಡ್ ಕುಂಬಾರಿಕೆ ಕಾರ್ಖಾನೆಯ ಬಣ್ಣದ ಹೆಂಚು; ಹೆಂಚಿನ ಮೇಲೆ ಹೆಜ್ಜಾರ್ಲೆಗಳು. ಹೆಜ್ಜಾರ್ಲೆ ಉಂಟು, ಮೇಲೆ ನಗರಸಭೆ ಇಲ್ಲ. ಮೇಲಿರುವವರು ಬಾಡಿಗೆ ಕೊಟ್ಟು ಮಲಗಿರುವ ಪ್ರವಾಸಿಗಳು. ಅವರು ಯಾವ ನಿರ್ಣಯವನ್ನೂ ಅಂಗೀಕರಿಸುವುದಿಲ್ಲ.

ಅತಿವ್ಯಾಪ್ತಿ: ‘ಸಭೆ ಬೇಡ, ನೆಲದಡಿಯ ವೈನೊಂದೇ ಸಾಕು’ ಎಂದು ಲಕ್ಷಣವನ್ನು ಸಡಿಲಿಸಿದ ಕೂಡಲೇ ಲೈಪ್‌ಜಿಗ್ ನಗರದ ಔಅರ್‌ಬಾಖ್ಸ್ ಕೆಲ್ಲರ್ ಒಳನುಗ್ಗುತ್ತದೆ. ಹೈನ್ರಿಖ್ ಸ್ಟ್ರೋಮರ್ ಎಂಬ ವೈದ್ಯ, ಪ್ರಾಧ್ಯಾಪಕ 1525ರಲ್ಲಿ ತನ್ನ ಮನೆಯ ಅಡಿಯಲ್ಲಿ ವೈನ್ ಮಾರಾಟ ತೆರೆದ. (ವೈದ್ಯನೂ ಪ್ರಾಧ್ಯಾಪಕನೂ ಆಗಿದ್ದವನಿಗೆ ಮನುಷ್ಯರ ನೋವಿನ ಎರಡು ಮೂಲಗಳೂ ತಿಳಿದಿದ್ದವು.) ಗಯಟೆ 1765ರಿಂದ 1768ರವರೆಗೆ ಆ ಊರಲ್ಲಿ ಕಾನೂನು ಓದಲು ಇದ್ದ, ಓದಿದ್ದಕ್ಕಿಂತ ಹೆಚ್ಚಾಗಿ ಇದ್ದ. ಮುಂದೆ ‘ಫೌಸ್ಟ್’ ನಾಟಕದಲ್ಲಿ ಸೈತಾನನ ದೂತ ಮೆಫಿಸ್ಟೊ ಬಂದು ಮೇಜಿಗೆ ತೂತು ಕೊರೆದು ಬೇಕಾದ ವೈನ್ ಹರಿಸುವುದು ಈ ಮಾಳಿಗೆಯಲ್ಲೇ. ಬಾಗಿಲ ಬಳಿಯ ಕಂಚಿನ ಫೌಸ್ಟನ ಪಾದ ಮುಟ್ಟಿದರೆ ಅದೃಷ್ಟ ಬರುತ್ತದೆಂದು ಜನ ಅದನ್ನು ಉಜ್ಜಿ ಉಜ್ಜಿ ಹೊಳಪೇರಿಸಿದ್ದಾರೆ. ಆತ್ಮವನ್ನು ಮಾರಿಕೊಂಡವನ ಪಾದ ಮುಟ್ಟಿ ಅದೃಷ್ಟ ಬೇಡುವ ಸಂಪ್ರದಾಯ ನಮ್ಮ ರಾಜಕೀಯ ಪಕ್ಷಗಳಲ್ಲಿ ಮಾತ್ರ ಇದೆಯೆಂದು ಈ ಲೇಖಕ ಇದುವರೆಗೆ ತಿಳಿದಿದ್ದ. ಇಷ್ಟೆಲ್ಲ ಇದ್ದರೂ ಇದು ರಾಟ್ಸ್‌ಕೆಲ್ಲರ್ ಅಲ್ಲ; ಅಲ್ಲಿ ಸೈತಾನನ ದೂತ ಬಂದನೇ ಹೊರತು ನಗರಸಭಾ ಸದಸ್ಯರು ಬರಲಿಲ್ಲ.

ಅಸಂಭವ: ಇದು ಎಲ್ಲಕ್ಕಿಂತ ಘೋರವಾದದ್ದು. ವಿಸ್ಕಾನ್ಸಿನ್ ವಿಶ್ವವಿದ್ಯಾಲಯದ ಮ್ಯಾಡಿಸನ್ ಆವರಣದಲ್ಲಿ ಮೆಮೋರಿಯಲ್ ಯೂನಿಯನ್ ಎಂಬ ಕಟ್ಟಡವಿದೆ. ಜರ್ಮನ್ ವಲಸಿಗರು ದಟ್ಟವಾಗಿ ನೆಲೆಸಿದ ಸೀಮೆ ಅದು. ಅಲ್ಲಿಯ ರಾಟ್ಸ್‌ಕೆಲ್ಲರ್‌ಗೆ ಜರ್ಮನ್ ಕಮಾನುಗಳು, ಜರ್ಮನ್ ಭಿತ್ತಿಚಿತ್ರಗಳು, ದಪ್ಪ ಮರದ ಮೇಜುಗಳು ಎಲ್ಲ ಒದಗಿದವು. ಕಟ್ಟಡದ ಬಾಗಿಲು ತೆರೆದದ್ದು 1928ರಲ್ಲಿ. ಅಮೆರಿಕದಲ್ಲಿ ಪಾನನಿಷೇಧ ಜಾರಿಯಲ್ಲಿದ್ದದ್ದು 1920ರಿಂದ 1933ರವರೆಗೆ! ಹೀಗಾಗಿ ಕುಡಿಯುವುದಕ್ಕೆಂದೇ ಹುಟ್ಟಿದ ಹೆಸರೊಂದು ಐದು ವರ್ಷ ಬಿಯರಿನ ಮುಖ ನೋಡದೆ ಫಲಕದ ಮೇಲೆ ನಿಂತಿತ್ತು. ಆ ಐದು ವರ್ಷ ಅಲ್ಲಿ ಕೂತವರ ಮಾತುಕತೆ ಅತ್ಯಂತ ಆಪ್ತವಾಗಿತ್ತೆಂದು ಪೂರ್ವಪಕ್ಷಿ ವಾದಿಸುತ್ತಾನೆ. ಅದಕ್ಕೆ ಬೇರೆ ಕಾರಣ ಹುಡುಕಬೇಕು. 1933ರಲ್ಲಿ ಶೇಕಡಾ 3.2ರ ಬಿಯರಿಗೆ ಕಾನೂನು ದಾರಿ ಬಿಟ್ಟಾಗ ಅದು ಇಲ್ಲಿಗೂ ಬಂತು. ಶೇಕಡಾ 3.2ನ್ನು ಸಿದ್ಧಾಂತಿ ಮದ್ಯವೆಂದು ಒಪ್ಪುವುದಿಲ್ಲ. ಅದು ಮದ್ಯದ ಅರ್ಥವಾದ ಮಾತ್ರ.

ಹೀಗೆ ಸಭೆಯೂ ಬಿತ್ತು, ವೈನೂ ಬಿತ್ತು. ಉಳಿದದ್ದು ಬೆಚ್ಚಗಿನ ಆಪ್ತತೆ, ಅಂದರೆ ಜರ್ಮನರು ‘ಗೆಮ್ಯೂಟ್‌ಲಿಖ್’ ಎನ್ನುವ ಗುಣ. ಅದನ್ನಾದರೂ ಲಕ್ಷಣವಾಗಿ ಇಟ್ಟುಕೊಳ್ಳೋಣವೆಂದರೆ ಬಾಸ್ಟನ್ ನಗರದ ಕೆನ್ಮೋರ್ ಚೌಕದ ರಾಟ್ಸ್‌ಕೆಲ್ಲರ್ ಅಡ್ಡ ಬರುತ್ತದೆ. 1974ರಿಂದ 1997ರವರೆಗೆ ಅದು ಪಂಕ್ ಸಂಗೀತದ ಗುಹೆ. ರಮೋನ್ಸ್, ಪೊಲೀಸ್ ಮೊದಲಾದ ತಂಡಗಳು ಆ ತಗ್ಗು ಚಾವಣಿಯ ಅಡಿಯಲ್ಲಿ ಗಿಟಾರು ಬಾರಿಸಿದವು. ಅಲ್ಲಿ ಆಪ್ತತೆ ಇತ್ತು, ಒಪ್ಪುತ್ತೇವೆ. ಮೊಳಕೈಗೂ ಪಕ್ಕೆಲುಬಿಗೂ ಇರುವಂಥ ಆಪ್ತತೆ. ಜನ ಅದನ್ನು ಮೊಟಕುಗೊಳಿಸಿ ‘ದಿ ರ‍್ಯಾಟ್’ ಎಂದರು, ಅಂದರೆ ಇಲಿ. ಆರುನೂರು ವರ್ಷಗಳ ಹಿಂದೆ ಸಭೆಯಾಗಿದ್ದದ್ದು ಸಮುದ್ರ ದಾಟಿ ಮೂಷಿಕವಾಯಿತು. ಇದನ್ನು ಅರ್ಥಾಪಕರ್ಷ ಎಂದು ಭಾಷಾಶಾಸ್ತ್ರಜ್ಞರು ಕರೆಯುತ್ತಾರೆ. ಅನೇಕ ನಗರಸಭೆಗಳ ನಡಾವಳಿ ಓದಿದವರು ಅರ್ಥವಿಕಾಸ ಎಂದೂ ಕರೆಯಬಹುದು.

ಕರ್ನಾಟಕ ಪ್ರಕರಣ

ಜರ್ಮನರು ನಮ್ಮಲ್ಲಿಗೆ ಬಂದಿದ್ದರಲ್ಲ, ಈ ಶಬ್ದ ಏಕೆ ಬರಲಿಲ್ಲ? ಆಕ್ಷೇಪ ಸರಿಯಾದದ್ದೇ. 1843ರಲ್ಲಿ ‘ಮಂಗಳೂರ ಸಮಾಚಾರ’ ಹೊರಡಿಸಿದ ಹೆರ್ಮನ್ ಮೋಗ್ಲಿಂಗ್ ಹುಟ್ಟಿದ್ದು ಬ್ರಾಕೆನ್‌ಹೈಮ್ ಎಂಬ ದ್ರಾಕ್ಷಿತೋಟಗಳ ಊರಲ್ಲಿ. 1894ರ ಮಹಾನಿಘಂಟಿನ ಕಿಟ್ಟೆಲ್ ಕೊನೆಯ ದಿನಗಳನ್ನು ಕಳೆದ ಟ್ಯೂಬಿಂಗನ್ ಸುತ್ತಲೂ ದ್ರಾಕ್ಷಿ ಬೆಳೆಯುತ್ತದೆ. ಇವರಿಬ್ಬರ ಬಾಸೆಲ್ ಮಿಷನ್ನಿನವರು ನಮಗೆ ಅಚ್ಚುಕೂಟ ಕೊಟ್ಟರು, ಮಗ್ಗ ಕೊಟ್ಟರು, 1865ರಿಂದ ಹೆಂಚು ಕೊಟ್ಟರು. ತಲೆಯ ಮೇಲಿನದೆಲ್ಲ ಕೊಟ್ಟು ಕಾಲಡಿಯದನ್ನು ಮಾತ್ರ ಏಕೆ ಕೊಡಲಿಲ್ಲ? ಅವರ ಧರ್ಮನಿಷ್ಠೆ ಕಾರಣವೆಂದು ಕೆಲವರ ಮತ. ಮಂಗಳೂರಿನ ಜುಲೈ ತಿಂಗಳು ಕಾರಣವೆಂದು ನಮ್ಮ ಮತ. ಆ ಮಳೆಯಲ್ಲಿ ಮಾಳಿಗೆಗೆಂದು ನೆಲ ಅಗೆದರೆ ಸಿಗುವುದು ಬಾವಿ. ಬಾವಿಯೊಳಗೆ ಕೂತು ಕುಡಿಯುವ ಸಂಪ್ರದಾಯ ಯಾವ ದೇಶದಲ್ಲೂ ಇಲ್ಲ.

ಹಕಾರ ಪ್ರಕರಣ

ಈಗ ಶಾಸ್ತ್ರದ ಹೃದಯಕ್ಕೆ ಬಂದೆವು.

ಇಲ್ಲಿಯವರೆಗೆ ಈ ಶಬ್ದವನ್ನು ಅಲ್ಪಪ್ರಾಣದಲ್ಲಿ ಬರೆದದ್ದು ಓದುಗರ ಗಂಟಲಿನ ಮೇಲಿನ ಕರುಣೆಯಿಂದ. ಅಮೆರಿಕನ್ನರು ಅದನ್ನು ಬರೆಯುವುದು ಹಕಾರ ಸೇರಿಸಿ. ಅಕ್ಷರಕ್ಕೆ ಅಕ್ಷರ ಇಟ್ಟರೆ ‘ರಾಥ್ಸ್‌ಕೆಲ್ಲರ್’. ಇಂದಿನ ಜರ್ಮನರಲ್ಲಿ ಆ ಹಕಾರ ಇಲ್ಲ. ಹಾಗಾದರೆ ಸಾಲ ತೆಗೆದುಕೊಂಡವರೇ ಎಲ್ಲಿಂದಲೋ ತಂದು ತುರುಕಿದರೇ? ಇಲ್ಲ. ಸಾಲ ಕೊಟ್ಟವರೇ ಕೊಟ್ಟಾದ ಮೇಲೆ ತಮ್ಮ ಮೂಲಪ್ರತಿಯನ್ನು ತಿದ್ದಿಕೊಂಡರು. 1901ರಲ್ಲಿ ಬರ್ಲಿನ್ನಿನಲ್ಲಿ ಸೇರಿದ ಕಾಗುಣಿತ ಸಮ್ಮೇಳನ, ಉಚ್ಚಾರದಲ್ಲಿಲ್ಲದ ಈ ಹಕಾರವನ್ನು ಜರ್ಮನ್ ಮೂಲದ ಶಬ್ದಗಳಿಂದ ಕಿತ್ತುಹಾಕಿತು. ಕಣಿವೆ ಎಂಬರ್ಥದ ‘ಥಾಲ್’ ‘ಟಾಲ್’ ಆಯಿತು. ಸಭೆ ‘ರಾಥ್’ ಇದ್ದದ್ದು ‘ರಾಟ್’ ಆಯಿತು. ಅಷ್ಟರಲ್ಲಿ ವಲಸಿಗರ ಪೆಟ್ಟಿಗೆಯಲ್ಲಿ ಹಳೆಯ ಹಕಾರ ಅಟ್ಲಾಂಟಿಕ್ ದಾಟಿಯಾಗಿತ್ತು.

ಪರಿಣಾಮ ವಿಚಿತ್ರ. ತತ್ಸಮ ಎಂದರೆ ಮೂಲಕ್ಕೆ ಸಮನಾದದ್ದು. ತದ್ಭವ ಎಂದರೆ ಅದರಿಂದ ಹುಟ್ಟಿ ಬದಲಾದದ್ದು. ಇಲ್ಲಿ ಬದಲಾದದ್ದು ಮೂಲವೇ. ಬಾಸ್ಟನ್ನಿನ ಇಲಿಬಿಲದ ಫಲಕದಲ್ಲಿ ತತ್ಸಮ, ಬ್ರೆಮೆನ್ನಿನ ಪುರಭವನದಲ್ಲಿ ತದ್ಭವ! ಕೇಶಿರಾಜನ ಅಪಭ್ರಂಶ ಪ್ರಕರಣದಲ್ಲಿ ಇದಕ್ಕೆ ಸೂತ್ರವಿಲ್ಲ. ಊರಲ್ಲಿ ಬಿಟ್ಟ ಮಡಿಯನ್ನು ಅಮೆರಿಕಕ್ಕೆ ಹೋದ ಮಗ ಕಟ್ಟುನಿಟ್ಟಾಗಿ ಆಚರಿಸುವುದನ್ನು ಕಂಡವರಿಗೆ ಮಾತ್ರ ಇದು ಆಶ್ಚರ್ಯವಲ್ಲ.

ಹಕಾರಕ್ಕೆ ಆಶ್ರಯ ಕೊಟ್ಟವರು ಅಮೆರಿಕನ್ನರಷ್ಟೇ ಅಲ್ಲ. 1856ರಲ್ಲಿ ಒಂದು ಜರ್ಮನ್ ಕಣಿವೆಯಲ್ಲಿ ಸಿಕ್ಕ ಎಲುಬುಗಳಿಗೆ 1864ರಲ್ಲಿ ಆ ಕಣಿವೆಯ ಮೇಲೆ ಲ್ಯಾಟಿನ್ ಹೆಸರಿಟ್ಟರು. ಕಣಿವೆ ಈಗ ನಿಯಾಂಡರ್‌ಟಾಲ್. ಆ ಎಲುಬುಗಳ ಮಾನವನ ಶಾಸ್ತ್ರೀಯ ಹೆಸರಿನಲ್ಲಿ ಮಾತ್ರ ಹಕಾರ ಹಾಗೆಯೇ ಇದೆ. ಸತ್ತವರು ಕಾಗುಣಿತ ಸುಧಾರಣೆಗೆ ಬಗ್ಗುವುದಿಲ್ಲ. ಸಿಂಹಾಸನ ಎಂಬರ್ಥದ ‘ಥ್ರೋನ್’ ಕೂಡ ಬಗ್ಗಲಿಲ್ಲ. ಅದು ಗ್ರೀಕ್ ಮೂಲದ್ದಾದ್ದರಿಂದ ಎಂದು ವೈಯಾಕರಣರು. ಸಿಂಹಾಸನ ಮುಟ್ಟಬೇಡಿ ಎಂದು ಕೈಸರ್ ವಿಲ್‌ಹೆಲ್ಮನೇ ಗದರಿದ್ದರಿಂದ ಎಂದು ಐತಿಹ್ಯ. 1918ರಲ್ಲಿ ಕೈಸರ್ ಹಾಲೆಂಡಿಗೆ ಓಡಿದ. ಸಿಂಹಾಸನ ಹೋಯಿತು, ಅದರ ಹಕಾರ ಇಂದಿಗೂ ಇದೆ.

ಮಹಾಪ್ರಾಣ ಬೇಕೇ ಬೇಡವೇ ಎಂಬ ಜಗಳ ನಮ್ಮಲ್ಲೂ ನಡೆದಿದೆ. ಉಚ್ಚಾರದಲ್ಲಿಲ್ಲದ್ದನ್ನು ಬರೆಯುವುದೇಕೆ ಎಂದು ಡಿ. ಎನ್. ಶಂಕರ ಭಟ್ಟರು ‘ಹೊಸ ಬರಹ’ದಲ್ಲಿ ಅವನ್ನು ಕೈಬಿಟ್ಟಾಗ, ಆತ್ಮಕ್ಕೇ ಚ್ಯುತಿ ಬಂದಂತೆ ಕೂಗಾಡಿದವರಿದ್ದಾರೆ. ಎರಡು ಪಕ್ಷದವರೂ ಅಮೆರಿಕದ ಇಂಥ ಫಲಕವೊಂದನ್ನು ಒಮ್ಮೆ ನೋಡಿ ಬರಬೇಕು. ಸಭೆ ಕಳೆದುಹೋಗಿದೆ, ವೈನ್ ಕಳೆದುಹೋಗಿದೆ, ಬೆಚ್ಚನೆಯ ಭಾವ ಬೆವರಾಗಿದೆ. ಯಾರೂ ಉಚ್ಚರಿಸದ ಒಂದು ಹಕಾರ ಮಾತ್ರ ಉಳಿದಿದೆ. ಆದ್ದರಿಂದ ಸಿದ್ಧಾಂತ ಲಕ್ಷಣ: ಹಕಾರವತ್ತ್ವಂ ರಾಥ್ಸ್‌ಕೆಲ್ಲರತ್ವಂ. ಹಕಾರವುಳ್ಳದ್ದೇ ರಾಥ್ಸ್‌ಕೆಲ್ಲರ್. ಬ್ರೆಮೆನ್ನಿನದು ಈ ಲಕ್ಷಣಕ್ಕೆ ಒಳಪಡುವುದಿಲ್ಲವೆಂಬ ಆಕ್ಷೇಪವನ್ನು ಬ್ರೆಮೆನ್ನಿಗೇ ಕಳಿಸಿಕೊಡುತ್ತೇವೆ.

ವಿನಿಯೋಗ ಪ್ರಕರಣ

ಜರ್ಮನ್ನಿನಲ್ಲಿ ಈ ಶಬ್ದ ಪುಲ್ಲಿಂಗ, ಕನ್ನಡದಲ್ಲಿ ನಪುಂಸಕ. ‘ರಾಟ್ಸ್‌ಕೆಲ್ಲರ್ ಬಂದನು’ ಎನ್ನಬಾರದು. ಅಲ್ಲಿಂದ ಹೊರಬೀಳುವ ಹೊತ್ತಿನಲ್ಲಿ ಹಾಗೆ ಅಂದರೆ ಕ್ಷಮ್ಯ. ಸಪ್ತಮಿಯಲ್ಲಿ ‘ರಾಟ್ಸ್‌ಕೆಲ್ಲರಿನಲ್ಲಿ’ ಎಂಬುದು ಸಾಧು. ಪಂಚಮಿಯ ಪ್ರಯೋಗಗಳು ವಿರಳ, ಏಕೆಂದರೆ ಹೋದವರು ಬೇಗ ಏಳುವುದಿಲ್ಲ.

ಕೊನೆಗೆ ಒಂದು ವಿಧಿವಾಕ್ಯ. ಬ್ರೆಮೆನ್ನಿನ ಮಾಳಿಗೆಯ ಬದಿಯಲ್ಲಿ ‘ಪ್ರಿಯೋಲ್ಕನ್’ ಎಂಬ ಪುಟ್ಟ ಮರದ ಕೋಣೆಗಳಿವೆ. ವ್ಯಾಪಾರಿಗಳು ಗುಟ್ಟಿನ ಮಾತಾಡಲೆಂದು ಮಾಡಿಸಿದವು. ಒಳಗೆ ಕನಿಷ್ಠ ಮೂರು ಜನ ಇದ್ದರೆ ಮಾತ್ರ ಬಾಗಿಲು ಮುಚ್ಚಬಹುದು. ಇಬ್ಬರೇ ಇದ್ದರೆ ತೆರೆದಿರಬೇಕು ಎಂಬುದು ಅಲ್ಲಿನ ಕಟ್ಟಳೆ. ಶೀಲರಕ್ಷಣೆಗಾಗಿ ಎಂದು ಲೌಕಿಕರು ವ್ಯಾಖ್ಯಾನಿಸುತ್ತಾರೆ. ಅದು ಸ್ಥೂಲ ದೃಷ್ಟಿ. ವಾದವೆಂದರೆ ವಾದಿ, ಪ್ರತಿವಾದಿ, ಮಧ್ಯಸ್ಥ ಎಂದು ಮೂವರು ಬೇಕೆಂದು ನಮ್ಮ ತಾರ್ಕಿಕರು ಯಾವತ್ತೋ ಹೇಳಿದ್ದಾರೆ. ಹಾಗಾಗಿ ಪೂರ್ವಪಕ್ಷಿಯೂ ಸಿದ್ಧಾಂತಿಯೂ ಒಳಗೆ ಹೋಗಿ ಕೂತಿದ್ದಾರೆ. ಬಾಗಿಲು ಮುಚ್ಚಲು ಈ ಲೇಖಕನನ್ನು ಕರೆಯುತ್ತಿದ್ದಾರೆ. ಬಿಲ್ಲನ್ನು ಮಧ್ಯಸ್ಥನೇ ಕೊಡಬೇಕೇ ಎಂಬ ವಿಷಯದಲ್ಲಿ ತರ್ಕಶಾಸ್ತ್ರ ತುಟಿ ಬಿಚ್ಚಿಲ್ಲವಾದ್ದರಿಂದ ಅವನು ಇನ್ನೂ ಹೊಸ್ತಿಲಲ್ಲೇ ನಿಂತಿದ್ದಾನೆ.